ಮುಳುಗಿದ ಹಡಗಿನ ಸಾಕ್ಷಿ

ಯುದ್ಧದ ಹಡಗು ಎಂದರೆ ಜನಕ್ಕೆ ತೋಪುಗಳೇ ನೆನಪಾಗುತ್ತವೆ. ನಮ್ಮ ಹಡಗಿನ ತೋಪು ಒಂದು ಗುಂಡನ್ನೂ ಹಾರಿಸಲಿಲ್ಲ. 1942ರಲ್ಲಿ, ಬಂಗಾಳ ಕೊಲ್ಲಿಯಲ್ಲಿ, ಜಪಾನಿ ಸಬ್‌ಮರೀನ್ ನೀರಿನಡಿಯಿಂದ ಬಿಟ್ಟ ಟಾರ್ಪೆಡೋ ಹಡಗಿನ ಹೊಟ್ಟೆಗೆ ಬಡಿಯಿತು. ಒಂದು ಬೀಡಿ ಸೇದುವಷ್ಟರಲ್ಲಿ ಎಲ್ಲ ಮುಗಿದಿತ್ತು. ಬಾಯ್ಲರಿಗೆ ಕಲ್ಲಿದ್ದಲು ಹಾಕುವ ನಾನು ಪಾಳಿ ಮುಗಿಸಿ ಮೇಲೆ ಬಂದಿದ್ದೆ, ಬದುಕಿದೆ. ನಮ್ಮೂರು ನಂದವರಂನ ಕೃಷ್ಣಮೂರ್ತಿ ವೈರ್‌ಲೆಸ್ ಕೋಣೆಯಲ್ಲಿದ್ದ. ಅವನ ಹೆಣ ನನ್ನ ಪಕ್ಕದಲ್ಲೇ ತೇಲಿತು. ಮುಖ ನೋಡಿದೆ.

ಊರಿಗೆ ಬಂದಾಗ ಅವನ ಹೆಂಡತಿ ತುಳಸಿಬಾಯಿ ಬಾಗಿಲಲ್ಲಿ ನಿಂತಿದ್ದಳು. ಹದಿನೆಂಟರ ಹುಡುಗಿ. ಸತ್ತನೆನ್ನಲು ನಾಲಿಗೆ ಹೊರಳಲಿಲ್ಲ, ‘ಕಾಣಲಿಲ್ಲ’ ಎಂದುಬಿಟ್ಟೆ. ಸರ್ಕಾರದ ಕಾಗದವೂ ‘ನಾಪತ್ತೆ’ ಎಂದೇ ಹೇಳಿತು.

ಸುದ್ದಿಯಿಲ್ಲದವನಿಗಾಗಿ ಹನ್ನೆರಡು ವರ್ಷ ಕಾದು, ದರ್ಭೆಯ ಗೊಂಬೆ ಮಾಡಿ ಸುಡುವುದು ಅವರ ಶಾಸ್ತ್ರ. 1954ರಲ್ಲಿ ಅವನ ಅಣ್ಣ, ಪುರೋಹಿತ ಅನಂತಾಚಾರ್ಯರು, ನನ್ನನ್ನು ಆದವಾನಿಯ ಹತ್ತಿ ಮಿಲ್ಲಿನಿಂದ ಕರೆಸಿದರು. ಜಗುಲಿಯ ಮೇಲೆ ದರ್ಭೆಯ ಕಟ್ಟು, ಪಕ್ಕದಲ್ಲಿ ಬಳ್ಳಾರಿಯಿಂದ ಬಂದಿದ್ದ ತುಳಸಿಬಾಯಿಯ ಅಣ್ಣ; ಕೆಳಗೆ ಕ್ಷೌರಿಕ. ವಿಧವೆಯ ತಲೆ ಬೋಳಿಸಲು ಬಂದಿದ್ದ.

ಆಚಾರ್ಯರು ನನ್ನನ್ನು ಕೇಳಿದರು: “ಇಷ್ಟು ವರ್ಷದಾಗ ಏನರೆ ಸುದ್ದಿ ಬಂದದೇನೋ, ದಸ್ತಗಿರಿ?”

ಕ್ಷೌರಿಕನ ಕತ್ತಿ ಕಂಡು, ಅವಳ ಕೂದಲನ್ನಾದರೂ ಉಳಿಸೋಣ ಎನಿಸಿತು. ಸಬ್‌ಮರೀನ್‌ಗಳು ಒಮ್ಮೊಮ್ಮೆ ಮೇಲೆದ್ದು, ನೀರಿಗೆ ಬಿದ್ದವರನ್ನು ಸೆರೆ ಹಿಡಿದದ್ದುಂಟು. ಆ ನಿಜಕ್ಕೆ ಒಂದು ಸುಳ್ಳು ಪೋಣಿಸಿದೆ.

“ಅವರನ್ನ ಸಬ್‌ಮರೀನ್‌ನವರು ಎತ್ಕಂಡು ಹೋಗ್ಯಾರ, ಸ್ವಾಮಿ. ಹೋದ ವರ್ಷ ರಂಗೂನಿನಾಗ ನೋಡೀನಿ ಅಂತ ನನ್ನ ಜೊತಿಗಾರ ಹೇಳ್ಯಾನ.”

ಆಚಾರ್ಯರು ಬೆರಳು ಮಡಿಚಿದರು. ಕೊನೆಯ ಸುದ್ದಿಯಿಂದ ಲೆಕ್ಕ; ಹನ್ನೆರಡು ವರ್ಷ ಮತ್ತೆ ಶುರು. ಕ್ಷೌರಿಕ ಎದ್ದು ಹೋದ. ಪುಣ್ಯ ಕಟ್ಟಿಕೊಂಡೆನೆಂದು ಒಳಗೊಳಗೇ ಬೀಗಿದೆ.

ಹಿತ್ತಲಲ್ಲಿ ನೀರು ಕೊಡಲು ಬಂದ ತುಳಸಿಬಾಯಿ ಮೆಲ್ಲಗೆ ಕೇಳಿದಳು: “ಖರೆ ಹೇಳು. ಅವರು ಸತ್ತದ್ದು ಕಂಡೀ, ಹೌದಲ್ಲ?”

ಹೌದೆಂದು ತಲೆಯಾಡಿಸಿದೆ.

“ಕೂದಲ ಹೋದ್ರ ಹೋಗಲಿ ಅಂತ ಕೂತಿದ್ದೆ. ಕರ್ಮ ಮುಗದ್ರ ನಮ್ಮಣ್ಣ ಬಳ್ಳಾರಿಗೆ ಕರ್ಕೊಂಡು ಹೋಗಾಂವಿದ್ದ, ಟೀಚರ್ ಟ್ರೈನಿಂಗಿಗೆ ಸೇರಸಾಂವಿದ್ದ. ಗಂಡ ಬದುಕ್ಯಾರ ಅಂದ್ರ ಈ ಮನಿ ಹೊಸ್ತಿಲ ದಾಟಂಗಿಲ್ಲ ನಾನು. ಇಲ್ಲೆ ನಂದೇನು ಬಾಳೇವು ಅಂತ ಯಾರರೆ ಕೇಳೀರೇನು?”

ಗಣಪನನ್ನು ಮಾಡಲು ಹೋಗಿ ಅವರಪ್ಪನನ್ನು ಮಾಡಿದ್ದೆ. ಓಡಿಹೋಗಿ ಆಚಾರ್ಯರ ಕಾಲಿಗೆ ಬಿದ್ದೆ. ಹೆಣ ಕಂಡದ್ದನ್ನು ಒಂದೂ ಬಿಡದೆ ಹೇಳಿದೆ.

“ಎರಡು ನಾಲಿಗಿ ಇದ್ದವನ ಸಾಕ್ಷಿ ಹೆಂಗ ಹಿಡೀಲಿ? ಬದುಕ್ಯಾನ ಅಂತ ಕಿವಿಗೆ ಬಿದ್ದ ಮ್ಯಾಲೆ ತಮ್ಮನ್ನ ಸುಡಲಿಕ್ಕೆ ನನ್ನ ಕೈ ಬರೂದಿಲ್ಲ. ಹೋಗು.”

ನನ್ನ ಬಾಯಿಗೆ ಮಣ್ಣು ಬೀಳಲಿ. ಸುಳ್ಳನ್ನು ನಂಬಿದರು, ನಿಜವನ್ನು ನಂಬಲಿಲ್ಲ.

ತುಳಸಿಬಾಯಿಯನ್ನು ಕರೆದೊಯ್ಯಲು ಬಂದಿದ್ದ ಅವಳ ಅಣ್ಣ ಸಂಜೆಯ ಬಂಡಿಯನ್ನು ಒಬ್ಬನೇ ಹತ್ತಿದ.