ಅರ್ಧ ಇಳಿದದ್ದನ್ನು ಅಳಿಸಬೇಡಿ

ಲಕ್ವ ಹೊಡೆದು ಅಮ್ಮನ ಮಾತು ಬಿದ್ದುಹೋಗಿತ್ತು. ನಾಲಿಗೆ ತಿರುಗಿಸುವ ಅಭ್ಯಾಸದ ವಿಡಿಯೊ ಲಿಂಕ್ ಕಳಿಸಿದ ಆಸ್ಪತ್ರೆಯವರು, "ತಡ ಮಾಡಿದಷ್ಟೂ ಕಷ್ಟ" ಅಂದಿದ್ದರು. ಬಟ್ಟೆ ಹೊಲಿಯುವ ಮಗಳ ಕಂಪ್ಯೂಟರಿನಲ್ಲಿ ಅದು ಮುಕ್ಕಾಲು ಇಳಿದು ನಿಂತುಬಿಟ್ಟಿತ್ತು. ಡೌನ್‌ಲೋಡ್ ಮ್ಯಾನೇಜರಿನಲ್ಲಿ ಕೆಂಪಕ್ಷರ: 'ಲಿಂಕ್ ಸರಿಯಿಲ್ಲ.'

"ಅರ್ಧಂಬರ್ಧ ಇಟ್ಕೊಂಡು ಉಪ್ಪಿನಕಾಯಿ ಹಾಕ್ತೀಯಾ? ಅಳಿಸಿ ಮೊದಲಿಂದ ಶುರು ಮಾಡು," ಅಂದ ವೆಲ್ಡಿಂಗ್ ಕೆಲಸದ ಅವಳ ಅಣ್ಣ. "ಇಲ್ಲಾಂದ್ರೆ ನೋಡು, ಹುಡುಕಿದಾಗ ಸಿಕ್ಕ ಈ ಬೇರೆ ಸೈಟಲ್ಲಿ 'ಡೌನ್‌ಲೋಡ್' ಅಂತ ಹಸಿರು ಬಟನ್ ಮಿನುಗ್ತಾ ಇದೆ."

"ಆಗಲೇ ಒಂದ್ಸಲ ಅಳಿಸಿದ್ವಲ್ಲೋ," ಅಂದಳು ಮಗಳು. "ಹೊಳೇಲಿ ಹುಣಸೆಹಣ್ಣು ಕಿವುಚಿದ ಹಾಗಾಯ್ತು."

ಅಣ್ಣ ಮೌಸಿಗೆ ಕೈ ಹಾಕಿದ. ಅಮ್ಮ ಎಡಗೈಯಿಂದ ಮಂಚ ಬಡಿದಳು. ಬೇಡ ಅಂತಲೋ, ಬೇಗ ಅಂತಲೋ, ಕೇಳಿದರೆ ಹೇಳಲು ಅವಳಿಗೆ ಬಾಯಿಲ್ಲ.

ಹೊಲಿಯಲು ಕೊಟ್ಟ ಬಟ್ಟೆ ಒಯ್ಯಲು ಬಂದ ಪಕ್ಕದ ಮನೆಯ ಜೆರಾಕ್ಸ್ ಅಂಗಡಿಯ ಅಕ್ಕ ಪರದೆಯ ಕೆಂಪಕ್ಷರ ಕಂಡು ಬಾಗಿಲಲ್ಲೇ ಕೂಗಿದಳು. "ತಡಿಯೋ ಮಾರಾಯ! ಇಳಿದದ್ದು ಎಲ್ಲೂ ಹೋಗಿಲ್ಲ. ವಾಯಿದೆ ಮುಗಿದಿರೋದು ಲಿಂಕಿಗೆ."

"ಲಿಂಕಿಗೂ ವಾಯಿದೆನಾ? ಅದೇನು ಹಾಲಾ?"

"ಕೆಲವು ಹಾಲಿಗಿಂತ ಬೇಗ ಕೆಡುತ್ವೆ. ಹೇಳದೇ ಕೆಡಿಸೋರು ಲಿಂಕ್ ಕೊಟ್ಟೋರು, ಬೈಸಿಕೊಳ್ಳೋಳು ನಿನ್ನ ತಂಗಿ!"

ಮಗಳು ಹೊಲಿಗೆ ಮಷೀನಿನ ಕಡೆ ನೋಡಿದಳು. "ಅಂದ್ರೆ ದಾರ ತುಂಡಾದ ಹಾಗೆ. ಹೊಲಿದದ್ದನ್ನ ಬಿಚ್ಚಬೇಕಾಗಿಲ್ಲ, ಹೊಸ ದಾರ ಪೋಣಿಸಿದ್ರೆ ಸಾಕು."

"ಅಷ್ಟೇ ಕಣೇ! ನೀನೇ ಪೋಣಿಸು, ನಾನು ಮುಟ್ಟಲ್ಲ."

ಮಗಳು ಆಸ್ಪತ್ರೆಯ ವೆಬ್ ಪುಟಕ್ಕೇ ಹೋಗಿ ಲಾಗಿನ್ ಆದಳು. ಅಲ್ಲಿಂದ ಅದೇ ವಿಡಿಯೊದ ಹೊಸ ಲಿಂಕ್ ಕಾಪಿ ಮಾಡಿಕೊಂಡಳು. ಮ್ಯಾನೇಜರಿನಲ್ಲಿ ನಿಂತಿದ್ದ ಫೈಲಿನ ಮೇಲೆ ಬಲ ಕ್ಲಿಕ್ ಮಾಡಿ, ಲಿಂಕ್ ಬದಲಿಸುವ ಜಾಗ ತೆರೆದು, ಹಳೇ ಲಿಂಕ್ ತೆಗೆದು ಹೊಸದು ಅಂಟಿಸಿ, 'ಮುಂದುವರಿಸು' ಒತ್ತಿದಳು. ಎಷ್ಟು ಇಳಿದಿದೆ ಅಂತ ತೋರಿಸುವ ಪಟ್ಟಿ ಮುಕ್ಕಾಲಿನಿಂದಲೇ ಮುಂದೆ ಸರಿಯಿತು.

"ಹೊಸ ಲಿಂಕಿನ ಫೈಲಿನ ಗಾತ್ರ ಹಳೇದಕ್ಕಿಂತ ಬೇರೆಯಾಗಿದ್ರೆ ಮಾತ್ರ ಮೊದಲಿಂದ ಶುರು ಮಾಡಬೇಕು," ಅಂದಳು ಅಕ್ಕ. "ಆ ಮಿನುಗೋ ಬಟನ್ ಮುಟ್ಟೀರಿ ಜೋಕೆ! ವಿಡಿಯೊ ಬದಲು ವೈರಸ್ ಬಂದು ಕೂರುತ್ತೆ."

ವಿಡಿಯೊ ಶುರುವಾಯಿತು. ಅದರಲ್ಲಿದ್ದ ಹೆಂಗಸು "ಆ" ಅಂದಳು. ಎಲ್ಲರಿಗಿಂತ ಮೊದಲು ಅಣ್ಣನ ಬಾಯಿ ತೆರೆಯಿತು. ಅವನನ್ನು ನೋಡಿ ಅಮ್ಮನ ತುಟಿ ಓರೆಯಾಗಿ ನಕ್ಕಿತು. ಆ ನಗುವಿನೊಳಗಿಂದ ಸಣ್ಣದೊಂದು "ಆ" ಹೊರಬಂತು.

ಓದುವ ಅಕ್ಕ, ಅಣ್ಣ, ಲಿಂಕ್ ಸತ್ತರೆ ತಪ್ಪು ನಿಮ್ಮದಲ್ಲ, ತಲೆ ತಗ್ಗಿಸಬೇಡಿ. ಅರ್ಧ ಇಳಿದದ್ದನ್ನು ಅಳಿಸಬೇಡಿ. ಕೊಟ್ಟವರ ಪುಟಕ್ಕೇ ಹೋಗಿ ಹೊಸ ಲಿಂಕ್ ತನ್ನಿ, ಅಲ್ಲಿ ಸಿಗದಿದ್ದರೆ ಫೋನ್ ಮಾಡಿ ಕೇಳಿ. ಅದು ನಿಮ್ಮ ಹಕ್ಕು, ಯಾರ ಭಿಕ್ಷೆಯೂ ಅಲ್ಲ. ಕಲಿತ ಮೇಲೆ ಪಕ್ಕದ ಮನೆಯವರಿಗೂ ಕಲಿಸಿ. ಮೌಸು ಮಾತ್ರ ಅವರ ಕೈಯಲ್ಲೇ ಇರಲಿ.