ಉಣ್ಣದ ಮಧ್ಯಾಹ್ನ

ತಮ್ಮ ಶ್ಯಾಮನ ಫೋನು ಬಂದಾಗ ವಸುಮತಿ ಉಂಡು ಬಟ್ಟಲು ತೊಳೆದಾಗಿತ್ತು. ದೊಡ್ಡಕ್ಕ ಗಂಗಾಳನ್ನು ಮಂಗಳೂರಿನ ಆಸ್ಪತ್ರೆಗೆ ಸೇರಿಸಿ, ನಾಲ್ಕು ದಿನಗಳಿಂದ ಅವನು ಅವಳ ಜೊತೆಗಿದ್ದ.

"ಅಕ್ಕ, ಊಟ ಆಯ್ತಾ?"

ಅವರಲ್ಲಿ ಸಾವಿನ ಸುದ್ದಿಯನ್ನು ಯಾರೂ ನೇರ ಹೇಳುವುದಿಲ್ಲ. ಕೇಳಿದ ಮೇಲೆ ಮೀಯದೆ ಉಣ್ಣುವಂತಿಲ್ಲವಲ್ಲ, ಅದಕ್ಕೇ ಮೊದಲು ಊಟ ವಿಚಾರಿಸುತ್ತಾರೆ. ಅಪ್ಪ ಹೋದಾಗಲೂ ಹೀಗೇ ಕೇಳಿದ್ದರು.

"ಇಲ್ಲ. ಅನ್ನ ಈಗ ಬೆಂದದ್ದಷ್ಟೆ."

"ಊಟ ಮಾಡಿ ಹೊರಡು. ಶುಗರಿನವಳು ನೀನು."

"ಎಂತ ಉಂಟು ಅಲ್ಲಿ?"

"ಎಂತ ಇಲ್ಲ. ಮೊದಲು ಉಣ್ಣು."

ಮುಂದೆ ಕೇಳಲು ಅವಳಿಗೆ ಧೈರ್ಯ ಬರಲಿಲ್ಲ. "ಮದುವೆಯಾಗದವಳಿಗೆ ಎಂತ ಗೊತ್ತು" ಎಂದು ಅಗಲ್ಪಾಡಿಯ ಅಪ್ಪನ ಮನೆಯಲ್ಲಿ ಎಲ್ಲರೆದುರು ಗಂಗಾ ಅಂದ ದಿನದಿಂದ ಎರಡು ವರ್ಷ ಮಾತಿಲ್ಲ. ಹತ್ತು ದಿನಗಳ ಹಿಂದೆ ಗಂಗಾಳೇ ಫೋನು ಮಾಡಿದ್ದಳು. ಹೆಸರು ನೋಡಿಯೂ ವಸುಮತಿ ಎತ್ತಿರಲಿಲ್ಲ. ನಾಳೆ ಮಾತಾಡಿದರಾಯಿತು ಅಂದುಕೊಂಡಿದ್ದಳು. ಉಂಡಿಲ್ಲ ಅನ್ನುವಷ್ಟು ಹೊತ್ತು ಶ್ಯಾಮ ಹೇಳಲಾರ; ಸುದ್ದಿ ಕಿವಿಗೆ ಬೀಳುವ ತನಕವಾದರೂ ಆ ನಾಳೆ ಇರಲಿ.

ಎರಡು ಗಂಟೆಗೆ ಮತ್ತೆ ಶ್ಯಾಮ.

"ಆಯ್ತಾ?"

"ಇಲ್ಲ ಮಾರಾಯ, ಹಸಿವೇ ಇಲ್ಲ."

"ನಿಂದೆಂತ ಮದುವೆ ಊಟವಾ, ಇಷ್ಟು ಹೊತ್ತು?" ಅವನ ದನಿ ಒಡೆಯಿತು. "ಉಂಡಾದ ಮೇಲೆ ಫೋನ್ ಮಾಡು."

ಅವಳು ಹೊಸ್ತಿಲಲ್ಲೇ ಕೂತು, ಎರಡು ವರ್ಷ ಅಕ್ಕನಿಗೆ ಹೇಳದೆ ಉಳಿಸಿದ್ದನ್ನೆಲ್ಲ ಗೋಡೆಗೆ ಹೇಳಿದಳು. ಬೈದಳು, ಅತ್ತಳು. ಕೊನೆಗೆ ಇನ್ನು ತಡೆಯಲಾಗದು ಎನಿಸಿ, ತಲೆಗೆ ಮಿಂದು ಬಂದು ಫೋನು ತೆಗೆದಳು. ನಾಲ್ಕು ಗಂಟೆ.

"ಸ್ನಾನವೂ ಆಯ್ತು ಶ್ಯಾಮ. ಹೇಳು, ಎಷ್ಟು ಹೊತ್ತಿಗೆ ಹೋದದ್ದು?"

"ಈಗ. ಐದು ನಿಮಿಷ ಆಯ್ತಷ್ಟೆ."

"ಮತ್ತೆ ಮಧ್ಯಾಹ್ನ ನೀನು ಊಟ ಕೇಳಿದಾಗ?"

"ಮಾತಾಡ್ತಾ ಇದ್ಲಲ್ಲ! ವಸು ಬರ್ತಾಳೆ, ದಿಂಬು ಎತ್ತರ ಮಾಡು ಅಂದ್ಲು."

"ನಿಂಗೆ ಹೇಳ್ಲಿಕ್ಕೆ ಎಂತ ಆಗಿತ್ತು?"

"ಸಂಜೆ ದಾಟುದಿಲ್ಲ ಅಂತ ಡಾಕ್ಟ್ರು ಅಂದದ್ದನ್ನ ಫೋನಲ್ಲಿ ಹೇಗೆ ಹೇಳುದು ಅಕ್ಕ? ಹೇಳಿದ್ರೆ ನೀನು ಉಣ್ಣದೆ ಓಡಿ ಬಂದು ದಾರಿಯಲ್ಲಿ ಬಿದ್ರೆ?" ಮೂಗು ಒರೆಸಿಕೊಂಡು ಕೇಳಿದ, "ಕಡೆಗೆ ಉಂಡದ್ದು ಹೌದಾ?"

"ಈಗಷ್ಟೆ" ಎಂದಳು ವಸುಮತಿ.

ಒದ್ದೆ ಕೂದಲಿನಿಂದ ನೀರು ಬೆನ್ನಿಗಿಳಿಯುತ್ತಿತ್ತು. ಗಂಗಾ ಬಾಗಿಲು ನೋಡುತ್ತ ಕೂತಿದ್ದಾಗ ಮಿಂದ ಸ್ನಾನ ಅದು. ಈಗ ಇನ್ನೊಮ್ಮೆ ಮೀಯಬೇಕಿತ್ತು.