ಸ್ಟುಡಿಯೋದ ಕುದುರೆ

ನಾನು ಒಂದು ಮರದ ಕುದುರೆ. ರಾಣೆಬೆನ್ನೂರಿನ ಬಡಿಗ ಮೌನೇಶಪ್ಪ ನನ್ನನ್ನು ಕೆತ್ತಿದ. ಕಿವಿ ಒಂದಿಷ್ಟು ದೊಡ್ಡದಾಯಿತು; ಹಾಗಂತ ಕತ್ತೆ ಅನ್ನಬೇಡಿ, ನನಗೆ ಸಿಟ್ಟು ಬರುತ್ತದೆ. ಹುಟ್ಟಿದ ದಿನವೇ ಇಷ್ಟೆತ್ತರ ಇದ್ದವನು ನಾನು, ನನಗೆ ಬಾಲ್ಯವೇ ಇಲ್ಲ. ಅದಕ್ಕೇ ಇರಬೇಕು, ಕಂಡದ್ದು ಕಂಡ ಹಾಗೆಯೇ ನೆನಪಿದೆ.

ನನ್ನನ್ನು ಕೊಂಡವರು ಫೋಟೋ ಸ್ಟುಡಿಯೋದ ಗುರುಶಾಂತಪ್ಪನವರು. ಊರಿನ ಮಕ್ಕಳೆಲ್ಲ ನನ್ನ ಬೆನ್ನ ಮೇಲೆ ಕೂತೇ ಫೋಟೋ ತೆಗೆಸಿಕೊಂಡವು. ಕೆಲವು ಉಚ್ಚೆಯನ್ನೂ ಹೊಯ್ದವು. ಇರಲಿ ಬಿಡಿ.

ಒಂದು ದಿನ ನೀಲವ್ವ ಎಂಬ ಪುಟ್ಟ ಹುಡುಗಿ ಅಪ್ಪ ಮತ್ತು ಅಣ್ಣ ಫಕ್ಕೀರಪ್ಪನ ಜೊತೆ ಬಂದಳು. ಫೋಟೋ ಮುಗಿದರೂ ಇಳಿಯಲೊಲ್ಲಳು. ನನ್ನ ಕೊರಳು ಹಿಡಿದು ಬೋರಾಡಿ ಅತ್ತಳು. ಅಪ್ಪ ಹೇಳಿದ್ದಕ್ಕೆ ಅಣ್ಣನೇ ಅವಳ ಬೆರಳು ಬಿಡಿಸಿ ಎತ್ತಿಕೊಂಡು ಹೋದ. ಸ್ವಲ್ಪ ಹೊತ್ತಿಗೆ ಅವನೊಬ್ಬನೇ ಓಡಿ ಬಂದು, ಚಡ್ಡಿಯ ಕಿಸೆಯಲ್ಲಿದ್ದ ಗೋಲಿಗಳನ್ನೆಲ್ಲ ಮೇಜಿನ ಮೇಲೆ ಸುರಿದ.

"ಇವಷ್ಟೂ ನೀವ ಇಟ್ಕೋರಿ, ಆ ಕುದರಿ ನಮ್ಮ ತಂಗಿಗೆ ಕೊಡ್ರಿ. ಭಾಳ ಅಳಾಕ ಹತ್ಯಾಳ."

ಗುರುಶಾಂತಪ್ಪನವರು ನಕ್ಕು, ಗೋಲಿಗಳನ್ನು ಅವನ ಕಿಸೆಗೇ ತುಂಬಿ ಕಳಿಸಿದರು.

ಮೊಬೈಲು ಬಂತು, ಸ್ಟುಡಿಯೋ ಮುಚ್ಚಿತು, ನಾನು ಖಾದರಸಾಬರ ಗುಜರಿ ಅಂಗಡಿ ಸೇರಿದೆ. ಅಲ್ಲಿಗೆ ಮೊನ್ನೆ ಹೊಲಿಗೆ ಯಂತ್ರದ ಚಕ್ರ ಹುಡುಕಿಕೊಂಡು ನೀಲವ್ವ ಬಂದಳು. ತಲೆಯೆಲ್ಲ ಬೆಳ್ಳಗಾಗಿತ್ತು.

"ಅಯ್ಯ ಶಿವನ! ಇದು ನನ್ನ ಕುದರಿ! ನಮ್ಮಪ್ಪ ಕೊಡಿಸಿದ್ದು. ನಮ್ಮಣ್ಣ ಕಸಗೊಂಡು ಮಾರಿಬಿಟ್ಟಿದ್ದ."

"ಇಲ್ರೀ ಅಮ್ಮಾರ, ಇದು ಸ್ಟುಡಿಯೋದ್ದು. ನಾ ಸಣ್ಣವಿದ್ದಾಗಿನ ಫೋಟೋನೂ ಇದರ ಮ್ಯಾಲೇ ಐತಿ. ಹೊಟ್ಟಿ ಕೆಳಗ ಸ್ಟುಡಿಯೋದ ಹೆಸರು ಬರದಾರ, ನೋಡ್ರಿ," ಎಂದರು ಖಾದರಸಾಬ್.

ಅವಳು ಬಗ್ಗಿ ನೋಡಿದಳು. ಅಲ್ಲೇ ನೆಲದ ಮೇಲೆ ಕೂತುಬಿಟ್ಟಳು.

"ಕುದರಿ ಮಾರಿದಾಂವ ಮನಿ ಪಾಲಿನಾಗೂ ಮೋಸ ಮಾಡ್ತಾನಂತ ಅವನ ಕೂಡ ಮಾತ ಬಿಟ್ಟೆ. ಪಂಚಮಿ ಬಂದಾಗೊಮ್ಮೆ ತವರಿಗೆ ಕರಿಯಾಕ ಬರ್ತಿದ್ದ. 'ನಮ್ಮ ಮನ್ಯಾಗ ಕುದರಿ ಎಲ್ಲಿತ್ತವಾ ತಂಗಿ' ಅಂತಿದ್ದ. ಸುಳ್ಳ ಹೇಳ್ತೀ ಅಂತ ಬಾಗಿಲಾ ಹಾಕಿದೆ. ಹ್ವಾದ ವರ್ಷ ಸತ್ತ. ಮಣ್ಣಿಗೂ ಹೋಗ್ಲಿಲ್ರೀ ನಾನು."

ಅವಳ ನೆನಪಿನಲ್ಲಿ ನಿಜ ಇದ್ದದ್ದು ಅಣ್ಣ ಬೆರಳು ಬಿಡಿಸಿದ್ದೊಂದೇ. ಉಳಿದದ್ದನ್ನು ಮನೆಯ ಗೋಡೆಯ ಮೇಲಿನ ಆ ದಿನದ ಫೋಟೋ ನೋಡಿ ನೋಡಿ ತಾನೇ ಕಟ್ಟಿಕೊಂಡಿದ್ದಳು.

ಈಗ ನಾನು ಅವಳ ಪಡಸಾಲೆಯಲ್ಲಿದ್ದೇನೆ. ಸಂಜೆ ನನ್ನ ಕೊರಳು ಒರೆಸುತ್ತ ಕೇಳುತ್ತಾಳೆ, "ಅವತ್ತ ಏನಾತು, ನೀನರ ಹೇಳೋ."

ಮೌನೇಶಪ್ಪ ನನಗೆ ಬಾಯಿ ಕೆತ್ತಿದ, ಹಲ್ಲೂ ಕೆತ್ತಿದ. ನಾಲಿಗೆ ಕೆತ್ತಲಿಲ್ಲ. ಮೇಜಿನ ಮೇಲೆ ಉರುಳಿದ ಆ ಗೋಲಿಗಳ ಸುದ್ದಿ ಅವಳಿಗೆ ಎಂದೂ ಗೊತ್ತಾಗುವುದಿಲ್ಲ.